ಬುಷ್ ಆಡಿದ, ಬೇಬ್ ರೂತ್ ಬಂದ, ಡಾರ್ಲಿಂಗ್ ಸೋತ ಮೈದಾನ

ಆ ಫೋಟೊ ನೋಡಿದರೆ ಬೇಗ ಕಣ್ಣು ಕೀಳಲಾಗುವುದಿಲ್ಲ. 1948ರ ಜೂನ್ 5, ಅಮೆರಿಕದ ಯೇಲ್ ವಿಶ್ವವಿದ್ಯಾಲಯದ ಬೇಸ್‌ಬಾಲ್ ಮೈದಾನ. ಸೂಟು ತೊಟ್ಟ ಬೇಬ್ ರೂತ್ ನಿಂತಿದ್ದಾನೆ. ಬೇಸ್‌ಬಾಲ್‌ನ ಗಂಧಗಾಳಿ ಇಲ್ಲದವರೂ ಕೇಳಿರುವ ಹೆಸರು ಅದು. ಒಂದು ಕಾಲಕ್ಕೆ ಪೀಪಾಯಿಯ ಹಾಗಿದ್ದ ಮೈ ಇಳಿದುಹೋಗಿದೆ. ಗಂಟಲಿನ ಕ್ಯಾನ್ಸರ್ ದನಿಯನ್ನೂ ನುಂಗಿ ಹಾಕಿದೆ. ತನ್ನ ಆತ್ಮಕಥೆಯ ಹಸ್ತಪ್ರತಿಯನ್ನು ವಿಶ್ವವಿದ್ಯಾಲಯಕ್ಕೆ ಕೊಡಲೆಂದು ಅವನು ಬಂದಿದ್ದಾನೆ. ಅದನ್ನು ಪಡೆಯಲು ಎದುರಿಗೆ ನಿಂತಿರುವವನು ಆಟದ ಉಡುಪಿನ ಒಬ್ಬ ವಿದ್ಯಾರ್ಥಿ, ಯೇಲ್ ತಂಡದ ಕ್ಯಾಪ್ಟನ್. ಆ ನಗುಮುಖದ ತೆಳ್ಳನೆಯ ಯುವಕನ ಹೆಸರು ಜಾರ್ಜ್ ಬುಷ್!

ಹೌದು, ಮುಂದೆ ಅಮೆರಿಕದ 41ನೇ ಅಧ್ಯಕ್ಷನಾದ ಅದೇ ಬುಷ್. ರೂತ್ ಅದೇ ವರ್ಷದ ಆಗಸ್ಟ್ 16ರಂದು ತೀರಿಕೊಂಡ. ಬುಷ್ ನಲವತ್ತು ವರ್ಷಗಳ ನಂತರ ಶ್ವೇತಭವನಕ್ಕೆ ಹೋದ. ಇಬ್ಬರೂ ಒಂದೇ ಚೌಕಟ್ಟಿಗೆ ಬಂದದ್ದು ಒಂದು ಕಾಲೇಜು ಮೈದಾನದಲ್ಲಿ, ಒಂದು ಮಧ್ಯಾಹ್ನ, ಕೆಲವೇ ನಿಮಿಷ.

ಇದು ಎಂಥ ಮೈದಾನ, ಇನ್ನೇನು ಕಂಡಿದೆ ಎಂದು ಹುಡುಕಲು ಹೊರಟರೆ ಒಂದು ಬಾಗಿಲು ಇನ್ನೊಂದಕ್ಕೆ, ಅದು ಮತ್ತೊಂದಕ್ಕೆ ತೆರೆದುಕೊಳ್ಳುತ್ತದೆ. ಒಂದು ಕಡೆ ಅಣುಶಕ್ತಿಯ ಚರಿತ್ರೆ ಸಿಗುತ್ತದೆ, ಒಂದು ಕಡೆ ಹೆಂಗಸರ ತಂಡದಲ್ಲಿ ವೇಷ ಮರೆಸಿ ಆಡಿದ ಹುಡುಗ ಸಿಗುತ್ತಾನೆ. ಒಂದು ಕಡೆಯಂತೂ ನಮ್ಮ ಪಕ್ಕದ ಮದರಾಸೇ ಸಿಗುತ್ತದೆ!

ಮದರಾಸಿನಿಂದಲೇ ಶುರು ಮಾಡುವೆ. ಎಲಿಹು ಯೇಲ್ ಎಂಬಾತ ಈಸ್ಟ್ ಇಂಡಿಯಾ ಕಂಪನಿಯ ನೌಕರನಾಗಿ 1672ರಲ್ಲಿ ಮದರಾಸಿಗೆ ಬಂದು ಇಳಿದ. ಅಲ್ಲಿನ ಸೇಂಟ್ ಜಾರ್ಜ್ ಕೋಟೆಯೊಳಗಿನ ಸೇಂಟ್ ಮೇರೀಸ್ ಚರ್ಚಿನಲ್ಲಿ ನಡೆದ ಮೊತ್ತಮೊದಲ ಮದುವೆ ಅವನದೇ, 1680ರಲ್ಲಿ. 1687ರಿಂದ 1692ರವರೆಗೆ ಅವನೇ ಆ ಕೋಟೆಯ ಮುಖ್ಯಾಧಿಕಾರಿ. ಅಪಾರ ಹಣ ಮಾಡಿದ. ಆ ಆಡಳಿತದ ಕಾಲದಲ್ಲಿ ಮದರಾಸಿನ ಬಂದರಿನಿಂದ ಮನುಷ್ಯರನ್ನೂ ಗುಲಾಮರಾಗಿ ಹಡಗು ಹತ್ತಿಸಿದ್ದು ನಡೆದಿದೆ, ಅದನ್ನು ಮರೆಮಾಚಬಾರದು. ಗುಲಾಮಗಿರಿಯ ಜೊತೆಗಿನ ತನ್ನ ನಂಟಿಗಾಗಿ ಯೇಲ್ ವಿಶ್ವವಿದ್ಯಾಲಯ 2024ರಲ್ಲಿ ಬಹಿರಂಗವಾಗಿ ಕ್ಷಮೆ ಕೇಳಿತು. ಅದಿರಲಿ, ಊರಿಗೆ ಮರಳಿದ ಮೇಲೆ 1718ರಲ್ಲಿ ಅವನು ಕನೆಟಿಕಟ್‌ನ ಒಂದು ಪುಟ್ಟ, ಬಡ ಕಾಲೇಜಿಗೆ 417 ಪುಸ್ತಕ, ದೊರೆಯ ಒಂದು ಚಿತ್ರಪಟ ಮತ್ತು ಒಂಬತ್ತು ಮೂಟೆ ಸರಕು ಕಳಿಸಿಕೊಟ್ಟ. ಆ ಮೂಟೆಗಳನ್ನು ಮಾರಿದ್ದರಿಂದ 562 ಪೌಂಡ್ ಬಂತು. ಸಂತೋಷದಲ್ಲಿ ಕಾಲೇಜಿನವರು ಅವನ ಹೆಸರನ್ನೇ ಇಟ್ಟುಕೊಂಡರು. ಬುಷ್ ಎದೆಯ ಮೇಲಿದ್ದ ಹೆಸರಿನ ಹಿಂದೆ ಬಂಗಾಳ ಕೊಲ್ಲಿಯ ದಡದಲ್ಲಿ ಗಳಿಸಿದ ಸಂಪತ್ತಿದೆ!

ಕಾಲೇಜು ಇರುವುದು ನ್ಯೂ ಹೇವನ್ ನಗರದಲ್ಲಿ. ಮೈದಾನ ಇರುವುದು ಊರಾಚೆ, ಗಡಿ ದಾಟಿದರೆ ಸಿಗುವ ವೆಸ್ಟ್ ಹೇವನ್‌ನಲ್ಲಿ. 1880ರ ದಶಕದಲ್ಲಿ ವಿದ್ಯಾರ್ಥಿಗಳ ಆಟಕ್ಕೆಂದು ಈ ಜಾಗ ಸಿದ್ಧವಾಯಿತು. ಯೇಲ್ ಫೀಲ್ಡ್ ಎಂದೇ ಹೆಸರು. ಅಮೆರಿಕನ್ ಫುಟ್‌ಬಾಲ್ ತನ್ನ ನಿಯಮಗಳನ್ನು ಕಂಡುಕೊಳ್ಳುತ್ತಿದ್ದ ಕಾಲ ಅದು, ಆ ಆಟವೂ ಇಲ್ಲೇ ನಡೆಯುತ್ತಿತ್ತು. ಜನ ಹೆಚ್ಚಾಗಿ ಜಾಗ ಸಾಲದೆ ಬಂದಾಗ ಹತ್ತಿರದಲ್ಲೇ ನೆಲ ಅಗೆದು, ತೆಗೆದ ಮಣ್ಣನ್ನು ಸುತ್ತಲೂ ಏರಿಸಿ, ಬೋಗುಣಿಯಂಥ ಬೃಹತ್ ಕ್ರೀಡಾಂಗಣ ಕಟ್ಟಿದರು. 1914ರಲ್ಲಿ ತೆರೆದ ಆ ಯೇಲ್ ಬೌಲ್‌ಗೆ ಫುಟ್‌ಬಾಲ್ ಹೋಯಿತು. ಹಳೆಯ ಮೈದಾನ ಬೇಸ್‌ಬಾಲಿಗೆ ಉಳಿಯಿತು.

ಅದೇ 1880ರ ದಶಕದಲ್ಲಿ ಯೇಲ್ ತಂಡಕ್ಕೆ ಚೆಂಡೆಸೆಯುತ್ತಿದ್ದ ಒಬ್ಬ ವಿದ್ಯಾರ್ಥಿಯ ಹೆಸರು ಏಮಸ್ ಅಲೊಂಜೊ ಸ್ಟ್ಯಾಗ್. ಪಾದ್ರಿಯಾಗಬೇಕೆಂದು ಧರ್ಮಶಾಸ್ತ್ರ ಓದಲು ಬಂದವನು. ಅವನ ಎಸೆತ ಕಂಡು ವೃತ್ತಿಪರ ತಂಡಗಳು ಹಣದ ಆಸೆ ತೋರಿಸಿದವು, ಅವನು ಒಲ್ಲೆ ಎಂದ. ಮುಂದೆ ಶಿಕಾಗೊ ವಿಶ್ವವಿದ್ಯಾಲಯಕ್ಕೆ ಹೋಗಿ ಫುಟ್‌ಬಾಲ್ ತರಬೇತುದಾರನಾಗಿ ದಂತಕಥೆಯಾದ. ಅಲ್ಲಿನ ಮೈದಾನಕ್ಕೆ ಅವನ ಹೆಸರಿಟ್ಟು ಸ್ಟ್ಯಾಗ್ ಫೀಲ್ಡ್ ಎಂದರು. 1942ರ ಡಿಸೆಂಬರ್ 2ರಂದು ಎನ್ರಿಕೊ ಫರ್ಮಿ ಮತ್ತು ಸಂಗಡಿಗರು ಗ್ರಾಫೈಟ್ ಇಟ್ಟಿಗೆಗಳನ್ನು ಒಟ್ಟಿ, ಮನುಷ್ಯ ನಿಯಂತ್ರಿಸಿದ ಮೊದಲ ಪರಮಾಣು ಸರಣಿ ಕ್ರಿಯೆಯನ್ನು ನಡೆಸಿದ್ದು ಎಲ್ಲಿ ಗೊತ್ತೇ? ಆ ಸ್ಟ್ಯಾಗ್ ಫೀಲ್ಡಿನ ಪ್ರೇಕ್ಷಕರ ಗ್ಯಾಲರಿಯ ಕೆಳಗಿದ್ದ ಆಟದಂಕಣದಲ್ಲಿ! ಯೇಲ್‌ನ ಪಿಚರ್ ಒಬ್ಬನ ಹೆಸರು ಹೊತ್ತ ಮೈದಾನದ ಗ್ಯಾಲರಿಯ ಅಡಿಯಲ್ಲಿ ಅಣುಯುಗ ಕಣ್ಣು ಬಿಟ್ಟಿತು ಎಂಬುದನ್ನು ಓದಿದಾಗ ನಾನು ಪುಸ್ತಕ ಮುಚ್ಚಿಟ್ಟು ಸುಮ್ಮನೆ ಕೂತುಬಿಟ್ಟೆ.

ಯೇಲ್ ಫೀಲ್ಡಿಗೆ ಮರಳೋಣ. ಅಲ್ಲಿ ಈಗಿರುವ ಕಾಂಕ್ರೀಟು, ಉಕ್ಕಿನ ಗ್ಯಾಲರಿ ಎದ್ದದ್ದು 1920ರ ದಶಕದ ಕೊನೆಯಲ್ಲಿ. ಆರು ಸಾವಿರದಷ್ಟು ಜನ ಕೂರಬಹುದು, ಅಷ್ಟೇ. ಐವತ್ತು ಸಾವಿರದ ವೃತ್ತಿಪರ ಅಂಗಣಗಳ ಮುಂದೆ ಇದು ಯಾವ ಲೆಕ್ಕ ಎನಿಸಬಹುದು. ಆದರೆ ಲೆಕ್ಕ ಹಾಕಿ ನೋಡಿ. ಬೇಬ್ ರೂತ್‌ಗೆಂದೇ ಕಟ್ಟಿದಂತಿದ್ದ 1923ರ ಯಾಂಕೀ ಸ್ಟೇಡಿಯಂ ಇಂದು ಇಲ್ಲ. ಬ್ರೂಕ್ಲಿನ್‌ನ ಎಬೆಟ್ಸ್ ಫೀಲ್ಡ್ ಇಲ್ಲ. ನ್ಯೂಯಾರ್ಕಿನ ಪೋಲೊ ಗ್ರೌಂಡ್ಸ್ ಇಲ್ಲ. ಹಣದ ಆಟಕ್ಕೆ ಕಟ್ಟಿದವು ಹಣದ ಲೆಕ್ಕ ಬದಲಾದಾಗ ನೆಲಸಮವಾದವು. ವಿಶ್ವವಿದ್ಯಾಲಯಕ್ಕೆ ಜಾಗ ಮಾರುವ ಅವಸರ ಇರಲಿಲ್ಲ. ನಾಲ್ಕು ವರ್ಷಕ್ಕೊಮ್ಮೆ ಆಡುವ ಹುಡುಗರು ಪೂರ್ತಿ ಬದಲಾಗುತ್ತಾರೆ, ಮೈದಾನ ಇದ್ದಲ್ಲೇ ಇರುತ್ತದೆ. ದೊಡ್ಡ ಆಟದ ನೆನಪುಗಳು ಹೀಗೆ ಸಣ್ಣ ಜಾಗದಲ್ಲಿ ಬದುಕಿ ಉಳಿದಿವೆ ಎಂದು ನನಗೆ ಬಲವಾಗಿ ಅನಿಸುತ್ತದೆ.

ಬುಷ್ ಯೇಲ್‌ಗೆ ಸೇರಿದ್ದು ಯುದ್ಧ ಮುಗಿಸಿ. 1944ರ ಸೆಪ್ಟೆಂಬರ್ 2ರಂದು ಪೆಸಿಫಿಕ್ ಸಾಗರದ ಚಿಚಿಜಿಮಾ ದ್ವೀಪದ ಬಳಿ ಅವನ ವಿಮಾನಕ್ಕೆ ಗುಂಡು ತಗುಲಿತ್ತು, ನೀರಿಗೆ ಬಿದ್ದವನನ್ನು ಜಲಾಂತರ್ಗಾಮಿಯೊಂದು ಎತ್ತಿಕೊಂಡಿತ್ತು. ಅಂಥವನು ತರಗತಿಗೆ ಬಂದಾಗ ಮದುವೆಯಾಗಿದ್ದ. 1946ರಲ್ಲಿ ನ್ಯೂ ಹೇವನ್‌ನಲ್ಲೇ ಮಗ ಹುಟ್ಟಿದ, 43ನೇ ಅಧ್ಯಕ್ಷ ಜಾರ್ಜ್ ಡಬ್ಲ್ಯು. ಬುಷ್. ಅಪ್ಪ ಆಡುತ್ತಿದ್ದದ್ದು ಮೊದಲ ಬೇಸ್‌ನಲ್ಲಿ. ಎಸೆಯುವುದು ಎಡಗೈ, ಬ್ಯಾಟು ಬೀಸುವುದು ಬಲಗೈ. ದೇಶದ ಕಾಲೇಜುಗಳ ಬೇಸ್‌ಬಾಲ್ ಚಾಂಪಿಯನ್‌ಶಿಪ್ ಶುರುವಾದದ್ದೇ 1947ರಲ್ಲಿ. ಮೊದಲ ವರ್ಷವೂ ಎರಡನೆಯ ವರ್ಷವೂ ಯೇಲ್ ಫೈನಲ್ ತಲುಪಿತು, ಎರಡೂ ಸಲ ಸೋತಿತು. ಮೊದಲು ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯದ ಕೈಯಲ್ಲಿ, ಆಮೇಲೆ ಸದರ್ನ್ ಕ್ಯಾಲಿಫೋರ್ನಿಯಾದ ಕೈಯಲ್ಲಿ. ಮುಂದೆ ಜಗತ್ತಿನ ಅತಿ ಬಲಿಷ್ಠ ಕುರ್ಚಿಯಲ್ಲಿ ಕೂತಾಗ ಓವಲ್ ಆಫೀಸಿನ ಮೇಜಿನ ಖಾನೆಯಲ್ಲಿ ಬುಷ್ ಏನಿಟ್ಟುಕೊಂಡಿದ್ದ? ತನ್ನ ಹಳೆಯ ಗ್ಲೌಸು. ಮೊದಲ ಬೇಸ್‌ನವರು ತೊಡುವ ಅಗಲ ಅಂಗೈಯ, ಜಾರ್ಜ್ ಮೆಕ್‌ಕ್ವಿನ್ ಎಂಬ ಆಟಗಾರನ ಹೆಸರು ಹೊತ್ತ ಚರ್ಮದ ಗ್ಲೌಸು, ಎಣ್ಣೆ ಕುಡಿದು ಮೆತ್ತಗಾದದ್ದು. ಶೀತಲ ಸಮರ ಮುಗಿಯುತ್ತಿದ್ದ ದಿನಗಳಲ್ಲಿ, ಕಡತಗಳ ಪಕ್ಕದಲ್ಲಿ ಆ ಗ್ಲೌಸು ಇತ್ತು! ಈಗ ಈ ಮೈದಾನಕ್ಕೂ ಬುಷ್ ಹೆಸರೇ.

ಬುಷ್‌ಗೆ ಕಲಿಸಿದ ಕೋಚ್‌ನ ವಿಷಯ ಇನ್ನೂ ಸ್ವಾರಸ್ಯ. ಈಥನ್ ಆ್ಯಲನ್, 13 ಋತು ವೃತ್ತಿಪರ ಲೀಗಿನಲ್ಲಿ ಆಡಿ ಬಂದವರು. ಯೇಲ್‌ಗೆ ಬರುವ ಮೊದಲೇ ಅವರೊಂದು ಮನೆಯಾಟ ಕಂಡುಹಿಡಿದಿದ್ದರು. 1941ರಲ್ಲಿ ಮಾರುಕಟ್ಟೆಗೆ ಬಂತು, ಆಲ್-ಸ್ಟಾರ್ ಬೇಸ್‌ಬಾಲ್ ಅಂತ ಹೆಸರು. ಡಬ್ಬಿ ತೆರೆದರೆ ರಟ್ಟಿನ ದುಂಡು ಬಿಲ್ಲೆಗಳು, ಒಂದೊಂದು ಬಿಲ್ಲೆಯೂ ಒಬ್ಬೊಬ್ಬ ನಿಜವಾದ ಆಟಗಾರ. ಬಿಲ್ಲೆಯನ್ನು ಒಬ್ಬಟ್ಟು ಹೋಳು ಮಾಡಿದಂತೆ ಭಾಗ ಮಾಡಿ, ಅಂಚಿನಲ್ಲಿ ಸಂಖ್ಯೆ ಬರೆದಿರುತ್ತದೆ. 1 ಅಂದರೆ ಹೋಮ್ ರನ್, 10 ಅಂದರೆ ಸ್ಟ್ರೈಕ್‌ಔಟ್, 7 ಮತ್ತು 13 ಅಂದರೆ ಸಿಂಗಲ್. ನಡುವಿನ ಮುಳ್ಳನ್ನು ಬೆರಳಿನಿಂದ ಚಿಮ್ಮಿಸಿದರೆ ಗಿರಗಿರ ತಿರುಗಿ ಯಾವುದೋ ಹೋಳಿನ ಮೇಲೆ ನಿಲ್ಲುತ್ತದೆ. ಆ ಆಟಗಾರ ನಿಜಜೀವನದಲ್ಲಿ ಎಷ್ಟು ಸಲ ಹೋಮ್ ರನ್ ಹೊಡೆದಿದ್ದನೋ ಅದಕ್ಕೆ ತಕ್ಕ ಅಗಲ 1ರ ಹೋಳಿಗೆ! ಸಂಭವನೀಯತೆಯ ಪಾಠವನ್ನು ಮಕ್ಕಳು ಪಾಠವೆಂದು ತಿಳಿಯದೆಯೇ ಕಲಿತುಬಿಡುತ್ತಿದ್ದರು. ಅಂಕಿಅಂಶ ಕೂಡಿಹಾಕಿ ತಂಡ ಕಟ್ಟುವ ಇಂದಿನ ಫೋನ್ ಆಟಗಳ ಮುತ್ತಜ್ಜ ಈ ರಟ್ಟಿನ ಬಿಲ್ಲೆ. 1946ರಿಂದ 1968ರವರೆಗೆ ಆ್ಯಲನ್ ಇದೇ ಮೈದಾನದಲ್ಲಿ ಹುಡುಗರನ್ನು ತಿದ್ದಿದರು.

ಅವರಿಗಿಂತ ಮುಂಚೆ, ಸುಮಾರು 20 ವರ್ಷ, 1942ರವರೆಗೆ ಇಲ್ಲಿ ಕೋಚ್ ಆಗಿದ್ದವರ ಹೆಸರು ಜೋ ವುಡ್. ಈ ಮೈದಾನದ ಕಥೆಯ ಹೃದಯ ಇರುವುದೇ ಇಲ್ಲಿ.

1889ರಲ್ಲಿ ಹುಟ್ಟಿದ ಜೋ ವುಡ್ ಬೆಳೆದದ್ದು ಕ್ಯಾನ್ಸಸ್‌ನ ಬಯಲುಸೀಮೆಯಲ್ಲಿ. 1906ರಲ್ಲಿ ಊರಿಂದೂರಿಗೆ ತಿರುಗುತ್ತಿದ್ದ ಬ್ಲೂಮರ್ ಗರ್ಲ್ಸ್ ಎಂಬ ಹೆಂಗಸರ ತಂಡ ಅವನ ಊರಿಗೂ ಬಂತು. ಆ ತಂಡದಲ್ಲಿ ಕೆಲವರು ವೇಷ ಹಾಕಿದ ಹುಡುಗರೇ ಇರುತ್ತಿದ್ದರು. ಹದಿನಾರರ ಎಳೆಮುಖದ ಜೋನನ್ನೂ ಕರೆದರು, ಅವನೂ ಸೇರಿಕೊಂಡ! ವೃತ್ತಿಯ ಮೊದಲ ಸಂಪಾದನೆ ಅದು. ಅಲ್ಲಿಂದ ಆರು ವರ್ಷಕ್ಕೆ ಅವನು ಬಾಸ್ಟನ್ ರೆಡ್ ಸಾಕ್ಸ್ ತಂಡದ ಬಿರುಗಾಳಿ. ಹೊಗೆಯೇಳುವಷ್ಟು ವೇಗದ ಎಸೆತಕ್ಕೆ 'ಸ್ಮೋಕಿ' ಎಂಬ ಅಡ್ಡಹೆಸರು ಅಂಟಿತು. 1912ರ ಋತುವಿನಲ್ಲಿ 34 ಗೆಲುವು, 5 ಸೋಲು. ಜೊತೆಗೆ ವರ್ಷದ ಚಾಂಪಿಯನ್ ತಂಡ ಯಾವುದೆಂದು ತೀರ್ಮಾನಿಸುವ ವರ್ಲ್ಡ್ ಸೀರೀಸ್‌ನಲ್ಲಿ ಮೂರು ಗೆಲುವು. ವಯಸ್ಸು ಇಪ್ಪತ್ತೆರಡು!

ಆ ವರ್ಷದ ಸೆಪ್ಟೆಂಬರ್ 6ರ ಪಂದ್ಯ ನೆನಪಿಡಿ. ಎದುರಾಳಿ ವಾಷಿಂಗ್ಟನ್ ತಂಡದ ವಾಲ್ಟರ್ ಜಾನ್ಸನ್, ಆ ಕಾಲದ ಅತಿ ವೇಗದ ಪಿಚರ್. ಜಾನ್ಸನ್ ಆ ಋತುವಿನಲ್ಲಿ ಸತತ 16 ಪಂದ್ಯ ಗೆದ್ದು ದಾಖಲೆ ಮಾಡಿದ್ದ. ವುಡ್ ಸತತ 13 ಗೆದ್ದು ಬೆನ್ನಟ್ಟುತ್ತಿದ್ದ. ಬಾಸ್ಟನ್‌ನ ಫೆನ್‌ವೇ ಪಾರ್ಕಿನಲ್ಲಿ ಕೂರಲು ಜಾಗ ಸಾಲದೆ ಜನ ಮೈದಾನದೊಳಕ್ಕೇ ಇಳಿದು ಅಂಚಿನುದ್ದಕ್ಕೂ ಸಾಲುಗಟ್ಟಿ ನಿಂತರು. ಆರನೇ ಇನಿಂಗ್ಸ್‌ನಲ್ಲಿ ಬಾಸ್ಟನ್‌ಗೆ ಬಂದದ್ದು ಒಂದೇ ಒಂದು ರನ್. ಕೊನೆಗೆ 1-0. ಗೆದ್ದವನು ವುಡ್.

ಮರುವರ್ಷ ಒದ್ದೆ ಹುಲ್ಲಿನ ಮೇಲೆ ಜಾರಿ ಬಲಗೈ ಹೆಬ್ಬೆರಳು ಮುರಿಯಿತು. ಆಮೇಲೆ ಭುಜ ನೋವು ಬಿಡಲೇ ಇಲ್ಲ. ಆ ವೇಗ ಮತ್ತೆಂದೂ ಪೂರ್ತಿ ಮರಳಲಿಲ್ಲ. ಅವನು ಆಟ ಬಿಟ್ಟನೇ? ಇಲ್ಲ. ಚೆಂಡೆಸೆಯುವುದು ಬಿಟ್ಟು ಬ್ಯಾಟು ಹಿಡಿದು, ಔಟ್‌ಫೀಲ್ಡರ್ ಆಗಿ ಕ್ಲೀವ್‌ಲ್ಯಾಂಡ್ ತಂಡ ಸೇರಿ, 1920ರಲ್ಲಿ ಮತ್ತೊಮ್ಮೆ ಚಾಂಪಿಯನ್ ತಂಡದಲ್ಲಿ ನಿಂತ. ನಂತರ ಯೇಲ್‌ಗೆ ಬಂದು ಕೋಚ್ ಆದದ್ದು, ನ್ಯೂ ಹೇವನ್ ಮನೆಯೂರಾದದ್ದು.

ಈಗ 1981ರ ಮೇ 21ಕ್ಕೆ ಬನ್ನಿ. ಕಾಲೇಜುಗಳ ರಾಷ್ಟ್ರೀಯ ಟೂರ್ನಿಯ ಪ್ರಾದೇಶಿಕ ಹಂತ, ಯೇಲ್ ಫೀಲ್ಡ್. ಎದುರಾಳಿ ನ್ಯೂಯಾರ್ಕಿನ ಸೇಂಟ್ ಜಾನ್ಸ್. ಗ್ಯಾಲರಿಯಲ್ಲಿ 91 ವರ್ಷದ ಜೋ ವುಡ್ ಕೂತಿದ್ದಾರೆ. ಅವರ ಪಕ್ಕದಲ್ಲಿ ನ್ಯೂಯಾರ್ಕರ್ ಪತ್ರಿಕೆಯ ರೋಜರ್ ಏಂಜೆಲ್, ಬೇಸ್‌ಬಾಲ್ ಕುರಿತು ಅಷ್ಟು ಸೊಗಸಾಗಿ ಬರೆದವರು ವಿರಳ. ಮುದುಕರ ಹಳೆಯ ನೆನಪು ಕೆದಕಲೆಂದು ಏಂಜೆಲ್ ಬಂದಿದ್ದರು. ಎದುರಿಗೆ ಏನು ನಡೆಯಲಿದೆ ಎಂದು ಇಬ್ಬರಿಗೂ ಗೊತ್ತಿರಲಿಲ್ಲ.

ಯೇಲ್‌ಗೆ ಚೆಂಡೆಸೆದವನು ರಾನ್ ಡಾರ್ಲಿಂಗ್, ಹವಾಯಿ ದ್ವೀಪದಲ್ಲಿ ಹುಟ್ಟಿದ ಬಲಗೈ ಪಿಚರ್. ಸೇಂಟ್ ಜಾನ್ಸ್‌ಗೆ ಫ್ರಾಂಕ್ ವಯೋಲಾ, ಎತ್ತರದ ಎಡಗೈಯವ. ಬೇಸ್‌ಬಾಲ್ ಪರಿಚಯ ಇಲ್ಲದವರಿಗೆ ಒಂದು ಮಾತು. ಇಲ್ಲಿ ಪಿಚರ್ 18.44 ಮೀಟರ್ ದೂರದಿಂದ ಚೆಂಡನ್ನು ನೆಲಕ್ಕೆ ಬಡಿಯದೆ ನೇರ ಎಸೆಯುತ್ತಾನೆ. ಬ್ಯಾಟರ್ ಹೊಡೆದು, ಫೀಲ್ಡರ್‌ಗಳ ತಪ್ಪಿಲ್ಲದೆ, ಸುರಕ್ಷಿತವಾಗಿ ಬೇಸ್ ಮುಟ್ಟಿದರೆ ಅದು ಒಂದು 'ಹಿಟ್'. ಇಡೀ ಪಂದ್ಯದಲ್ಲಿ, ಅಂದರೆ ಒಂಬತ್ತು ಇನಿಂಗ್ಸ್‌ನಲ್ಲಿ 27 ಔಟ್ ಆಗುವವರೆಗೆ, ಒಂದೂ ಹಿಟ್ ಕೊಡದಿರುವುದು ಪಿಚರ್‌ನ ಜೀವಮಾನದ ಕನಸು. ಎಷ್ಟೋ ಮಹಾನ್ ಪಿಚರ್‌ಗಳಿಗೆ ಅದು ಒಮ್ಮೆಯೂ ದಕ್ಕಿಲ್ಲ.

ಡಾರ್ಲಿಂಗ್ ಒಂಬತ್ತು ಇನಿಂಗ್ಸ್ ಒಂದೂ ಹಿಟ್ ಕೊಡಲಿಲ್ಲ. ಆದರೆ ಪಂದ್ಯ ಮುಗಿಯಲಿಲ್ಲ! ಯೇಲ್ ಹುಡುಗರು ವಯೋಲಾಗೆ ಆಗಾಗ ಹಿಟ್ ಹೊಡೆದರೂ ರನ್ ಮಾತ್ರ ಬರಲೊಲ್ಲದು. 0-0. ಹತ್ತನೇ ಇನಿಂಗ್ಸ್, ಹಿಟ್ ಇಲ್ಲ. ಹನ್ನೊಂದನೇ ಇನಿಂಗ್ಸ್, ಹಿಟ್ ಇಲ್ಲ. ಗ್ಯಾಲರಿಯಲ್ಲಿ 91ರ ಹಿರಿಯರು ನೋಡುತ್ತಿದ್ದಾರೆ. ಅರವತ್ತೊಂಬತ್ತು ವರ್ಷಗಳ ಹಿಂದೆ ಜಾನ್ಸನ್ ಎದುರು ನಿಂತಿದ್ದ ಅದೇ ಕಣ್ಣುಗಳು. ಒಂದು ರನ್‌ಗೆ ತೂಗುವ ಪಂದ್ಯದಲ್ಲಿ ಪ್ರತಿ ಎಸೆತದ ಭಾರ ಎಷ್ಟೆಂದು ಆ ಗ್ಯಾಲರಿಯಲ್ಲಿ ಅವರಷ್ಟು ಬಲ್ಲವರು ಇನ್ನಾರು?

ಹನ್ನೆರಡನೇ ಇನಿಂಗ್ಸ್‌. ಸೇಂಟ್ ಜಾನ್ಸ್‌ನ ಸ್ಟೀವ್ ಸ್ಕಾಫಾ ಬ್ಯಾಟು ಬೀಸಿದ. ಚೆಂಡು ಸರಿಯಾಗಿ ತಗುಲಲೂ ಇಲ್ಲ. ಮೆಲ್ಲಗೆ ಎದ್ದು ಎಡಗಡೆ, ಒಳಗಿನ ಫೀಲ್ಡರಿಗೂ ಹೊರಗಿನವನಿಗೂ ಎಟುಕದ ಜಾಗದಲ್ಲಿ ಬಿತ್ತು. ಹಿಟ್! ಆಗ ನಡೆದದ್ದು ಕೇಳಿ. ಎದುರಾಳಿ ತಂಡದ ಹುಡುಗರು, ತಮ್ಮವನೇ ಹಿಟ್ ಹೊಡೆದಿರುವಾಗ, ತಮ್ಮ ಬೆಂಚಿನ ಮುಂದೆ ಎದ್ದು ನಿಂತು ಡಾರ್ಲಿಂಗ್‌ಗೆ ಚಪ್ಪಾಳೆ ತಟ್ಟಿದರು. ಗೆಲ್ಲಲೇಬೇಕಾದ ಟೂರ್ನಿಯ ನಟ್ಟನಡುವೆ! ಇಪ್ಪತ್ತರ ಆಜುಬಾಜಿನ ಆ ಹುಡುಗರಿಗೆ ತಾವು ಏನನ್ನು ಕಾಣುತ್ತಿದ್ದೇವೆ ಎಂಬುದು ಗೊತ್ತಿತ್ತು. ಈ ಮೈದಾನದಲ್ಲಿ ನಡೆದದ್ದರಲ್ಲೆಲ್ಲ ನನಗೆ ಅತಿ ದೊಡ್ಡದಾಗಿ ಕಾಣುವುದು ರೂತ್ ಬಂದದ್ದಕ್ಕಿಂತ ಈ ಚಪ್ಪಾಳೆಯೇ.

ಕಥೆ ಇನ್ನೂ ಇದೆ. ಸ್ಕಾಫಾ ಎರಡನೇ ಬೇಸ್ ಕದ್ದ, ಅಂದರೆ ಯಾರೂ ಚೆಂಡು ಹೊಡೆಯದೆಯೇ ಓಡಿ ಮುಟ್ಟಿದ. ಮೂರನೆಯದನ್ನೂ ತಲುಪಿದ. ಮೊದಲ ಬೇಸ್‌ನಲ್ಲಿ ಅವನ ತಂಡದ ಇನ್ನೊಬ್ಬ. ಆಮೇಲೆ ಒಂದು ತಂತ್ರ: ಮೊದಲ ಬೇಸ್‌ನವನು ಬೇಕೆಂದೇ ಎರಡನೆಯದರತ್ತ ಓಡಿ ಯೇಲ್ ಫೀಲ್ಡರ್‌ಗಳ ಗಮನವನ್ನೆಲ್ಲ ತನ್ನತ್ತ ಸೆಳೆದುಕೊಂಡ. ಅವನನ್ನು ಹಿಡಿಯುವ ಗಡಿಬಿಡಿಯಲ್ಲಿ ಚೆಂಡು ಅತ್ತ ಇರುವಾಗ ಸ್ಕಾಫಾ ಹೋಮ್ ಪ್ಲೇಟಿಗೆ ನುಗ್ಗಿಬಿಟ್ಟ. ರನ್! ಹನ್ನೊಂದು ಇನಿಂಗ್ಸ್ ರನ್ ಕೊಡದೆ ದುಡಿದ ವಯೋಲಾ ಬದಲಿಗೆ ಬಂದ ಎರಿಕ್ ಸ್ಟ್ಯಾಂಪ್‌ಫಲ್ ಉಳಿದ ಕೆಲಸ ಮುಗಿಸಿದ. 1-0. ಹನ್ನೊಂದು ಇನಿಂಗ್ಸ್ ಒಂದೂ ಹಿಟ್ ಕೊಡದ, 16 ಜನರನ್ನು ಸ್ಟ್ರೈಕ್‌ಔಟ್ ಮಾಡಿದ ಡಾರ್ಲಿಂಗ್ ಸೋತಿದ್ದ.

1912ರಲ್ಲಿ 1-0 ಗೆದ್ದಾತ 1981ರಲ್ಲಿ 1-0 ಸೋತವನನ್ನು ಕಣ್ಣಾರೆ ಕಂಡರು. ಅದೂ ತಾವೇ ಇಪ್ಪತ್ತು ವರ್ಷ ಕಲಿಸಿದ ಮೈದಾನದಲ್ಲಿ! ಪಕ್ಕದಲ್ಲಿ ಏಂಜೆಲ್ ಇರದಿದ್ದರೆ ಆ ಮಧ್ಯಾಹ್ನ ಕೆಲವು ಸಾವಿರ ಜನರ ನೆನಪಿನಲ್ಲಿ ಮಾತ್ರ ಉಳಿದು ಕರಗುತ್ತಿತ್ತೇನೋ. ಜೂನ್ 12ರಿಂದ ವೃತ್ತಿಪರ ಆಟಗಾರರು ಮುಷ್ಕರ ಹೂಡಿದರು, ಇಡೀ ದೇಶದಲ್ಲಿ ದೊಡ್ಡ ಆಟ ನಿಂತುಹೋಯಿತು. ಆ ಬರಗಾಲದ ಜುಲೈನಲ್ಲಿ ಏಂಜೆಲ್ ಬರೆದ 'ದ ವೆಬ್ ಆಫ್ ದ ಗೇಮ್' ಎಂಬ ಪ್ರಬಂಧ ಪ್ರಕಟವಾಯಿತು. ಬೇಸ್‌ಬಾಲ್ ಬರಹದಲ್ಲಿ ಅದಕ್ಕೆ ಇಂದಿಗೂ ಮೇಲಿನ ಸ್ಥಾನ.

ಆಗ ಯೇಲ್‌ನ ಅಧ್ಯಕ್ಷರಾಗಿದ್ದವರು ಬಾರ್ಟ್ ಜಿಯಾಮಾಟಿ, ನವೋದಯ ಕಾಲದ ಸಾಹಿತ್ಯದ ವಿದ್ವಾಂಸರು, ಜೊತೆಗೆ ಬೇಸ್‌ಬಾಲ್ ಎಂದರೆ ಪ್ರಾಣ. 1985ರಲ್ಲಿ ಅವರು ಜೋ ವುಡ್‌ಗೆ ವಿಶ್ವವಿದ್ಯಾಲಯದ ಗೌರವ ಡಾಕ್ಟರೇಟ್ ಕೊಟ್ಟರು. ಹೆಂಗಸರ ತಂಡದಲ್ಲಿ ವೇಷ ಹಾಕಿ ಆಡಿದ ಹುಡುಗ ಡಾಕ್ಟರ್ ವುಡ್ ಆದ! ಅದೇ ವರ್ಷದ ಜುಲೈನಲ್ಲಿ, 95ನೇ ವಯಸ್ಸಿನಲ್ಲಿ ವುಡ್ ತೀರಿಕೊಂಡರು. ಜಿಯಾಮಾಟಿ ಯೇಲ್ ಬಿಟ್ಟು ವೃತ್ತಿಪರ ನ್ಯಾಷನಲ್ ಲೀಗಿನ ಅಧ್ಯಕ್ಷರಾದರು. ಹೋದವರು ಸುಮ್ಮನಿರದೆ ಯೇಲ್‌ನ ಭೌತವಿಜ್ಞಾನಿ ರಾಬರ್ಟ್ ಅಡೇರ್ ಅವರನ್ನು ಲೀಗಿನ ಅಧಿಕೃತ ಭೌತವಿಜ್ಞಾನಿ ಎಂದೇ ನೇಮಿಸಿದರು! ಚೆಂಡು ಗಾಳಿಯಲ್ಲಿ ಏಕೆ ಬಾಗುತ್ತದೆ, ಬ್ಯಾಟಿನ ಯಾವ ಜಾಗಕ್ಕೆ ತಗುಲಿದರೆ ದೂರ ಹೋಗುತ್ತದೆ ಎಂಬ ಪ್ರಶ್ನೆಗಳಿಗೆ ಅಡೇರ್ ಕಂಡುಕೊಂಡ ಉತ್ತರಗಳು 'ದ ಫಿಸಿಕ್ಸ್ ಆಫ್ ಬೇಸ್‌ಬಾಲ್' ಎಂಬ ಪುಸ್ತಕವಾದವು.

ಡಾರ್ಲಿಂಗ್ 1986ರಲ್ಲಿ ನ್ಯೂಯಾರ್ಕ್ ಮೆಟ್ಸ್ ತಂಡದೊಂದಿಗೆ ವರ್ಲ್ಡ್ ಸೀರೀಸ್ ಗೆದ್ದ. ಮರುವರ್ಷ ಅದೇ ಕಿರೀಟ ಮಿನೆಸೋಟ ಟ್ವಿನ್ಸ್‌ಗೆ, ಸರಣಿಶ್ರೇಷ್ಠ ಪ್ರಶಸ್ತಿ ವಯೋಲಾಗೆ. 1989ರಲ್ಲಿ ವಯೋಲಾ ಮೆಟ್ಸ್‌ಗೆ ವರ್ಗವಾಗಿ ಬಂದಾಗ ಅಲ್ಲಿ ಡಾರ್ಲಿಂಗ್ ಇದ್ದ. ಯೇಲ್ ಫೀಲ್ಡಿನಲ್ಲಿ ಹನ್ನೊಂದು ಇನಿಂಗ್ಸ್ ಎದುರುಬದುರು ನಿಂತಿದ್ದವರು ಒಂದೇ ಉಡುಪು ತೊಟ್ಟರು. ಕಾಲೇಜು ಟೂರ್ನಿಯಲ್ಲಿ ಡಾರ್ಲಿಂಗ್‌ನ ಆ ಹನ್ನೊಂದು ಇನಿಂಗ್ಸ್ ಸಾಧನೆಯನ್ನು ಯಾರೂ ಮೀರಿಲ್ಲ.

ನಡುನಡುವೆ ಚಿಕ್ಕ ವೃತ್ತಿಪರ ತಂಡಗಳೂ ಈ ಅಂಗಣವನ್ನು ಮನೆ ಮಾಡಿಕೊಂಡಿದ್ದವು. 1994ರಿಂದ 2003ರವರೆಗೆ ಇದ್ದ ನ್ಯೂ ಹೇವನ್ ರೇವನ್ಸ್ ಅವುಗಳಲ್ಲೊಂದು. ಅವೆಲ್ಲ ಬಂದು ಹೋದವು. ವಿದ್ಯಾರ್ಥಿಗಳು ಇದ್ದಾರೆ, ಪ್ರತಿ ವಸಂತದಲ್ಲೂ ಆಡುತ್ತಾರೆ. ಕನೆಟಿಕಟ್ ಕಡೆ ನೆಲೆಸಿರುವ, ಮಕ್ಕಳ ಮನೆಗೆಂದು ಅತ್ತ ಹೋಗುವ ಕನ್ನಡಿಗರು ಏಪ್ರಿಲಿನಲ್ಲಿ ಒಂದು ಮಧ್ಯಾಹ್ನ ಬಿಡುವು ಮಾಡಿಕೊಂಡು ಹೋಗಿ ಕೂರಬೇಕು. ಆಟ ಅರ್ಥವಾಗದಿದ್ದರೂ ಚಿಂತೆಯಿಲ್ಲ. ಮೂರನೇ ಬೇಸ್‌ನಿಂದ ಹೋಮ್ ಪ್ಲೇಟಿಗೆ ಬರುವ 27 ಮೀಟರ್ ಉದ್ದದ ಗೆರೆಯನ್ನು ಮೊದಲು ನೋಡಿ, ಸ್ಕಾಫಾ ನುಗ್ಗಿ ಬಂದ ದಾರಿ ಅದು. ಆಮೇಲೆ ಹೋಮ್ ಪ್ಲೇಟಿಗೆ ಬೆನ್ನು ಮಾಡಿ ಎದುರಾಳಿಗಳ ಬೆಂಚು ಎಲ್ಲಿದೆ ಎಂದು ಯಾರನ್ನಾದರೂ ಕೇಳಿ.